ಅಂಬಿಕಾ ಬಿಟ್ಟುಬಂದ ಫೈಲು

ಗೋವಾದ ಡಿಚೋಲಿಯ ಲಾರಿ ಡ್ರೈವರ್ ಕಂಠೆಪ್ಪನ ಮಗಳು ಅಂಬಿಕಾಳಿಗೆ ಸುಳ್ಳು ಹೇಳಲು ಬರುತ್ತಿರಲಿಲ್ಲ ಎಂದರೆ ತಪ್ಪಾಗುತ್ತದೆ. ಬರುತ್ತಿತ್ತು. ಆದರೆ ಹೇಳಿದ ದಿನ ಅನ್ನ ಗಂಟಲಲ್ಲಿ ಇಳಿಯುತ್ತಿರಲಿಲ್ಲ. ಡಿಪ್ಲೊಮಾ ಮುಗಿಸಿ 2006ರಲ್ಲಿ ಪರ್ವರಿಯ ಸಣ್ಣ ಸಾಫ್ಟ್‌ವೇರ್ ಕಚೇರಿಯೊಂದನ್ನು ಸೇರಿದಳು. ಬೇರೆಯವರು ಬರೆದ ಪ್ರೋಗ್ರಾಮಿನಲ್ಲಿ ಹುಳುಕು ಹುಡುಕುವುದು ಅವಳ ಕೆಲಸ. ಇದಕ್ಕೂ ಸಂಬಳ ಕೊಡುತ್ತಾರೆಯೇ ಎಂದು ಅವ್ವ ಸತ್ಯವ್ವ ಬೆರಗಾದಳು. ಪಾಪ, ಅವಳು ಆ ಕೆಲಸವನ್ನು ಓಣಿಗೆಲ್ಲ ಬಿಟ್ಟಿಯಾಗಿಯೇ ಮಾಡಿಕೊಂಡು ಬಂದಿದ್ದಳು.

ಆ ಕಚೇರಿಯಲ್ಲಿ ಅಂಬಿಕಾಳಿಗೆ ಒಂದೇ ಏಟಿಗೆ ಅರ್ಥವಾದದ್ದು ಡಿಎಲ್‌ಎಲ್ ಫೈಲು. ಅದು ಒಂದೇ ಇರುತ್ತದೆ, ಹತ್ತು ಪ್ರೋಗ್ರಾಮುಗಳು ಅದನ್ನು ಬಳಸುತ್ತವೆ, ಯಾರೊಬ್ಬರ ಸ್ವಂತದ್ದೂ ಅಲ್ಲ. ಬೇರೆಯವರಿಗೆ ಇದನ್ನು ಮೂರು ಸಲ ಹೇಳಬೇಕಾಯಿತು. ಅವಳಿಗೆ ಬೇಕಾಗಲಿಲ್ಲ. ಮುಧೋಳ ಕಡೆಯಿಂದ ಬಂದ ಎಂಟು ಮನೆಗಳ ಅವರ ಚಾಳಿಗೆ ಖಾರ ಕುಟ್ಟಲು ಇದ್ದದ್ದು ಒಂದೇ ಒನಕೆ. ಕುಟ್ಟಿದವರು ಅದನ್ನು ಒಳಗಿಟ್ಟುಕೊಳ್ಳುವಂತಿಲ್ಲ. ಮುಂದಿನವರ ಕಣ್ಣಿಗೆ ಬೀಳುವಂತೆ ಹೊರಗೇ ಬಿಡಬೇಕು. ಒಮ್ಮೆ ಒಳಗಿಟ್ಟುಕೊಂಡವಳನ್ನು ಸತ್ಯವ್ವ ಒಂದು ಮಳೆಗಾಲ ಪೂರ್ತಿ ಮಾತಾಡಿಸಿರಲಿಲ್ಲ.

ಮರುವರ್ಷ ಅದಿರಿನ ಯಾರ್ಡ್ ಒಂದರ ಕಾಟಾಕ್ಕೆ, ಅಂದರೆ ಲಾರಿ ತೂಗುವ ಕಟ್ಟೆಗೆ, ಕಚೇರಿಯವರು ಪ್ರೋಗ್ರಾಂ ಮಾಡಿದರು. ಬರೆದವನು ಕುಬೇರ. ಅದು ಎಲ್ಲಿ ಎಷ್ಟು ಹೊತ್ತು ತಿನ್ನುತ್ತದೆ ಎಂದು ಅಳೆಯುವ ಕೆಲಸ ಅಂಬಿಕಾಳದು. ಅಳೆಯುವುದಕ್ಕೂ ಒಂದು ಡಿಎಲ್‌ಎಲ್ ಫೈಲಿತ್ತು. ಎಲ್ಲರೂ ಬಳಸುವ ಫೋಲ್ಡರಿನಲ್ಲಿ ಅದನ್ನು ಇಟ್ಟರೆ ಸಾಕು, ಪ್ರೋಗ್ರಾಂ ಅದನ್ನು ಸೇರಿಸಿಕೊಂಡು ಓಡುತ್ತದೆ, ಪ್ರತಿ ಹೆಜ್ಜೆಯ ಹೊತ್ತನ್ನೂ ಆ ಫೈಲು ಬರೆದಿಡುತ್ತದೆ. ಕೆಲಸ ಮುಗಿದ ಮೇಲೆ ತೆಗೆಯಬೇಕು. ಅಂಬಿಕಾ ಅಚ್ಚುಕಟ್ಟಾಗಿ ಅಳೆದಳು, ಫೈಲನ್ನು ಮಾತ್ರ ತೆಗೆಯಲಿಲ್ಲ. ನಾಳೆ ಇನ್ನೊಬ್ಬರಿಗೆ ಬೇಕಾದೀತು ಎಂದು ಅಲ್ಲೇ ಬಿಟ್ಟಳು. ಆ ಫೋಲ್ಡರು ಇದ್ದದ್ದು ಇದ್ದ ಹಾಗೆಯೇ ಸಿ.ಡಿ. ಆಗಿ ಯಾರ್ಡಿಗೆ ಹೋಯಿತು.

ಯಾರ್ಡಿನ ಕಂಪ್ಯೂಟರು ಮುದಿಯದು. ಫೈಲು ಒಂದೊಂದು ಲಾರಿಯ ಒಂದೊಂದು ಹೆಜ್ಜೆಯನ್ನೂ ಬರೆಯುತ್ತ ಹೋಯಿತು, ಬರೆದದ್ದು ಊದುತ್ತ ಹೋಯಿತು. ಮೊದಲ ದಿನ ಅರೆ ನಿಮಿಷಕ್ಕೆ ಬಂದ ತೂಕದ ಚೀಟಿ ಹದಿನೈದನೆಯ ದಿನ ಒಂಬತ್ತು ನಿಮಿಷಕ್ಕೆ ಬಂತು. ಕೆಂಪು ಧೂಳಿನಲ್ಲಿ, ಮಾರ್ಚಿನ ಬಿಸಿಲಲ್ಲಿ, ಲಾರಿಗಳ ಸಾಲು ರಸ್ತೆಯವರೆಗೆ ನಿಂತಿತು. ಆ ಸಾಲಿನಲ್ಲೇ ಕಂಠೆಪ್ಪನ ಲಾರಿಯೂ ಇತ್ತು. ಮಗಳ ಆಫೀಸಿನವರು ಮಾಡಿದ್ದು ಎಂದು ಮೊದಲ ದಿನ ಯಾರ್ಡಿಗೆಲ್ಲ ಡಂಗುರ ಸಾರಿದ್ದವನು ಈಗ ಡ್ರೈವರುಗಳ ಬೈಗುಳಕ್ಕೆ ಎದೆಕೊಟ್ಟು ಮಾತಾಡುತ್ತಿದ್ದ. ಮನೆಗೆ ಬಂದು ಮಾತ್ರ ಚಕಾರ ಎತ್ತುತ್ತಿರಲಿಲ್ಲ.

ಕಚೇರಿಯಲ್ಲಿ ಎಲ್ಲರೂ ಕುಬೇರನ ಮೇಲೆ ಬಿದ್ದರು. ಬರೆದದ್ದನ್ನೇ ನಾಲ್ಕು ಸಲ ತಿರುಗಿಸಿ ಬರೆದು ಅವನ ಮುಖ ಸೊಪ್ಪಾಗಿತ್ತು. ಯಾರ್ಡಿಗೆ ಹೋದ ಸಿ.ಡಿ.ಯ ಪ್ರತಿಯನ್ನು ಅಂಬಿಕಾ ಸುಮ್ಮನೆ ತೆರೆದು ನೋಡಿದಳು. ತನ್ನ ಫೈಲು ಅಲ್ಲಿ ಹಾಯಾಗಿ ಕೂತಿತ್ತು. ಅವಳ ಕೆಲಸ ಕಾಯಂ ಆಗಲು ಇನ್ನು ಹತ್ತೇ ದಿನ. ಫೈಲು ತೆಗೆದು ಹೊಸ ಸಿ.ಡಿ. ಕಳಿಸಿದರೆ ಯಾವ ನರಪಿಳ್ಳೆಗೂ ಗೊತ್ತಾಗುತ್ತಿರಲಿಲ್ಲ, ಆದರೆ ಕುಬೇರನ ಹೆಸರು ಕೆಟ್ಟದ್ದು ಕೆಟ್ಟೇ ಉಳಿಯುತ್ತಿತ್ತು. ಡಬ್ಬಿಯ ರೊಟ್ಟಿ ಮುಟ್ಟದೆ ಒಂದು ಗಂಟೆ ಕೂತು, ಆಮೇಲೆ ಎದ್ದು ಹೋಗಿ ಹಿರಿಯಳಾದ ರಂಜನಾ ಮೇಡಂಗೆ ಹೇಳಿಬಿಟ್ಟಳು. ಈ ಹುಡುಗಿ ನನಗೆ ಇಷ್ಟವಾಗುವುದು ಇಲ್ಲೇ.

ರಂಜನಾ ಕೂಗಾಡಲಿಲ್ಲ. ಮೊದಲು ಎಲ್ಲರೆದುರು ಕುಬೇರನ ಕ್ಷಮೆ ಕೇಳು, ನಾಳೆ ನೀನೇ ಯಾರ್ಡಿಗೆ ಹೋಗಿ ಸರಿಮಾಡು ಎಂದಳು. ಕಾಯಂ ಮಾಡುವ ಮಾತು ಆರು ತಿಂಗಳು ಮುಂದಕ್ಕೆ ಹೋಯಿತು.

ಅಂದೇ ಎಲ್ಲರೆದುರು ಕುಬೇರನ ಕ್ಷಮೆ ಕೇಳಿ, ಮರುದಿನ ಯಾರ್ಡಿನ ತಗಡಿನ ಕೋಣೆಯಲ್ಲಿ ಅಂಬಿಕಾ ಫೈಲನ್ನು ಅಳಿಸಿದಳು. ಮೂರು ಎಣಿಸುವಷ್ಟರಲ್ಲಿ ಚೀಟಿ ಬಂತು. ಅವಳು ಹೊರಗೆ ಬಂದು, ಸಾಲಿನಲ್ಲಿದ್ದ ಅಪ್ಪನ ಲಾರಿಯ ಪಕ್ಕ ನಿಂತಳು.

"ಅಪ್ಪಾ, ತಪ್ಪು ನಂದ. ಮುಂದಿನವರಿಗೆ ಬೇಕಾಗ್ತೈತಿ ಅಂತ ಫೈಲ್ ಅಲ್ಲೇ ಬಿಟ್ಟಿದ್ದೆ. ಅದ್ಕ ನೀ ಇಷ್ಟು ದಿನ ಬಿಸಿಲಾಗ ನಿಂತಿ."

ಕಂಠೆಪ್ಪ ಕೆಳಗಿಳಿದ. ಮುಖದ ಕೆಂಪು ಧೂಳನ್ನು ಟವೆಲಿನಿಂದ ಒರೆಸಿಕೊಂಡ. ಸುತ್ತ ಕೂಡಿದ್ದ ಡ್ರೈವರುಗಳ ಕಡೆ ತಿರುಗಿದ.

"ನಿಮ್ಮನ್ನ ಹದಿನೈದು ದಿನ ನಿಲ್ಲಿಸಿದಾಕಿ ನನ್ನ ಮಗಳು. ಬಂದು ಬಾಯಿಬಿಟ್ಟು ಹೇಳಾಕತ್ತಾಳ. ಬೈಯೂದಿದ್ರ ನನಗ ಬೈರಿ."

ಯಾರೂ ಬೈಯಲಿಲ್ಲ. ಒಬ್ಬ ನೀರಿನ ಬಾಟಲಿ ಚಾಚಿದ. ಸಾಲು ಕದಲಿತು. ಕಂಠೆಪ್ಪ ಮಗಳನ್ನು ಲಾರಿಗೆ ಹತ್ತಿಸಿಕೊಂಡು, ಗೇರು ಹಾಕುತ್ತ, ಕೆಲಸ ಹೋಯಿತೇ ಎಂದು ಮೆಲ್ಲಗೆ ಕೇಳಿದ.

"ಹೋಗಿಲ್ಲಪ್ಪಾ. ನಾ ಎಂಥಾಕಿ ಅಂತ ಇನ್ನೂ ಆರು ತಿಂಗಳು ನೋಡ್ತಾರಂತ."

"ನೋಡ್ಲಿ ಬಿಡ, ಯವ್ವಾ," ಎಂದ ಕಂಠೆಪ್ಪ. "ಅವರಿಗೆ ಆರು ತಿಂಗಳು ಬೇಕು. ನನಗ ಇವತ್ತ ಗೊತ್ತಾತು."