ಹೆಂಗಸರ ಬಾಗಿಲಿನ ಅಕ್ಕ

ಸಾಗರದ ಆ ಹಳೆಯ ಟಾಕೀಸಿನಲ್ಲಿ ಹೆಂಗಸರ ಕಡೆಯ ಬಾಗಿಲು ಕಾಯುತ್ತಿದ್ದ ಅಕ್ಕ ಒಂದು ಸಿನಿಮಾವನ್ನೂ ಪೂರ್ತಿ ನೋಡಿರಲಿಲ್ಲ. ಒಳಗೆ ಯಾವ ಕೂಸು ಅತ್ತರೂ ಕತ್ತಲಲ್ಲೇ ಕೈ ಚಾಚಿ, “ಕೊಡಿ ಇಲ್ಲಿ, ನೀವ್ ನೋಡಿ” ಎಂದು ಎತ್ತಿಕೊಳ್ಳುತ್ತಿದ್ದಳು. ಟಿಕೀಟಿನ ಕಟ್ಟಿನಿಂದ ಅದರ ಬೆನ್ನು ಮೆಲ್ಲಗೆ ತಟ್ಟುತ್ತ ಜಗುಲಿಯ ಉದ್ದಕ್ಕೂ ನಡೆಯುತ್ತಿದ್ದಳು. ಸಿನಿಮಾ ಬಿಟ್ಟ ಮೇಲೆ ಕಥೆ ಹೇಳಿದರೆ ಮಾತ್ರ ಕೂಸು ವಾಪಸು.

ನಾಟಕದ ಕಂಪನಿಗಳ ಕಾಲದ ಕಟ್ಟಡ ಅದು. ಅರವತ್ತರ ದಶಕದ ಒಂದು ಬೇಸಿಗೆಯಲ್ಲಿ ಮಾಡಿನ ಹೆಂಚು ಉದುರತೊಡಗಿ, ಟಾಕೀಸು ಮುಚ್ಚುವುದೆಂದು ಗೊತ್ತಾಯಿತು. ಕೊನೆಯ ಚಿತ್ರವನ್ನು ನಾನು ಮೊದಲ ದಿನವೇ ನೋಡಿದೆ. ಅದರಲ್ಲಿ ನಾಯಕಿ ಕಾಯಿಲೆಯಾಗಿ ಸಾಯುತ್ತಾಳೆ. ಹೊರಗೆ ಬಂದರೆ ನನ್ನ ಮಗಳು ಅಕ್ಕನ ಹೆಗಲ ಮೇಲೆ ನಿದ್ದೆ ಹೋಗಿದ್ದಳು. ಸಾವಿನ ಮಾತು ಬಾಯಿಗೆ ಬರಲಿಲ್ಲ.

“ನಾಯಕಿ ಹುಷಾರಾಗಿ ಮನೆಗೆ ಬರ್ತಾಳೆ, ಅಕ್ಕ” ಎಂದುಬಿಟ್ಟೆ. ಉಳಿದ ಹೆಂಗಸರಿಗೂ ಹಾಗೇ ಹೇಳಲು ಕಣ್ಸನ್ನೆ ಮಾಡಿದೆ.

ಕೊನೆಯ ದಿನದ ಮ್ಯಾಟಿನಿಗೆ ನಾವೇ ಅಕ್ಕನನ್ನು ಬಲವಂತವಾಗಿ ಕುರ್ಚಿಯಲ್ಲಿ ಕೂರಿಸಿದೆವು. “ಇವತ್ತು ನೀವ್ ನೋಡಿ” ಎಂದು ಕೂಸುಗಳನ್ನು ಹೊತ್ತು ಸರದಿಯ ಮೇಲೆ ಜಗುಲಿ ಸುತ್ತಿದೆವು. ಒಳಗೆ ಅಳುವ ಹಾಡು ಶುರುವಾದಾಗಲೇ ನನ್ನ ಸುಳ್ಳು ನೆನಪಾದದ್ದು.

ಸಿನಿಮಾ ಮುಗಿದು ಅಕ್ಕ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತ ಬಂದಳು. ನಾನು ತಲೆ ತಗ್ಗಿಸಿದೆ.

“ನೀವ್ ಹೇಳಿದ್ದೇ ಸರಿ ಅಮ್ಮಾ. ಈ ಸಿನಿಮಾದವ್ರಿಗೆ ಕಥೆ ಮುಗ್ಸಕ್ಕೆ ಬರಲ್ಲ” ಎಂದಳು.

“ಟಾಕೀಸೂ ಮುಗೀತಲ್ಲ ಅಕ್ಕ” ಎಂದೆ.

ರಚ್ಚೆ ಹಿಡಿದಿದ್ದ ಮಗಳನ್ನು ಅವಳು ನನ್ನ ಕೈಯಿಂದ ಎತ್ತಿಕೊಂಡಳು.

“ಹೊಸಾದೊಂದು ಕಟ್ತಾರೆ ಬಿಡಿ. ಅಲ್ಲೂ ಮಕ್ಕಳು ಅಳ್ತಾವಲ್ಲ.”