ಕೊಂಡಗುಂಟೆ ಮಂಟಪಕ್ಕೆ ಬರೆದ ನಂಬರು

ಮುನಿರಾಮಪ್ಪನವರು ತೆಂಗಿನ ಚಿಪ್ಪಿನಲ್ಲಿ ಸುಣ್ಣ ಕಲಸಿ, ತುದಿ ಜಜ್ಜಿದ ಬೇವಿನ ಕಡ್ಡಿಯಿಂದ ಕಂಬದ ಬುಡದ ಮೇಲೆ 41 ಎಂದು ಬರೆದರು. ಎರಡು ಹೆಜ್ಜೆ ಹಿಂದೆ ಸರಿದು ನೋಡಿ, ಅದೇ ಸಂಖ್ಯೆಯನ್ನು ನೋಟುಬುಕ್ಕಿನಲ್ಲಿ ಗುರುತು ಹಾಕಿಕೊಂಡರು. 1942ರ ಮಾರ್ಚ್ ತಿಂಗಳ ಒಂದು ಭಾನುವಾರ. ಬೆಳಿಗ್ಗೆ ಎಂಟಕ್ಕೇ ಬಂಡೆ ಕಾದಿತ್ತು.

ಕೆರೆ ಏರಿಯ ಮೇಲೆ ಹೋಗುತ್ತಿದ್ದ ಕಲ್ಲಿನ ಗಾಡಿಯೊಂದು ನಿಂತಿತು.

"ಏನ್ ಮೇಷ್ಟ್ರೇ, ಕಲ್ಲಿಗೂ ಹಾಜರಿ ಹಾಕ್ತಿದೀರಾ?" ಗಾಡಿಯ ದೊಡ್ಡವೆಂಕಟಪ್ಪ ಕೇಳಿದ.

"ಹೂಂ ಕಣಪ್ಪ. ನಮ್ಮ ಸ್ಕೂಲ್ ಹುಡುಗರಿಗಿಂತ ಇವೇ ವಾಸಿ. ಒಂದೂ ತಪ್ಪಿಸ್ಕೊಂಡು ಹೋಗಲ್ಲ."

ದೊಡ್ಡವೆಂಕಟಪ್ಪ ನಕ್ಕು ಎತ್ತುಗಳನ್ನು ಗದರಿಸಿ ಹೊರಟ.

ಕೊಂಡಗುಂಟೆ ಮುಳಬಾಗಿಲಿನಿಂದ ಸೈಕಲ್ಲಿನಲ್ಲಿ ಒಂದೂವರೆ ಗಂಟೆಯ ದಾರಿ. ಊರ ಕೆರೆಯಿಂದ ಕೂಗಳತೆ ದೂರದಲ್ಲಿ, ರಾಗಿ ಹೊಲದ ನಡುವೆ ಹದಿನಾರು ಕಂಬದ ಮಂಟಪವಿತ್ತು. ದೇವರು ಯಾವ ಕಾಲದಲ್ಲೋ ಹೋಗಿದ್ದ, ಪೂಜೆ ಇರಲಿಲ್ಲ. ಮಳೆ ಬಂದರೆ ಕುರಿ ಕಾಯುವವರು ಒಳಗೆ ನಿಲ್ಲುತ್ತಿದ್ದರು. ಒಂದು ಕಂಬದಂತೆ ಇನ್ನೊಂದಿಲ್ಲ ಎಂಬುದನ್ನು ಮೊದಲು ಗಮನಿಸಿದವರು ಮುಳಬಾಗಿಲು ಮಿಡ್ಲ್ ಸ್ಕೂಲಿನ ಡ್ರಾಯಿಂಗ್ ಮೇಷ್ಟ್ರು ಮುನಿರಾಮಪ್ಪನವರು.

ಹನ್ನೆರಡು ವರ್ಷಗಳಿಂದ ಅವರ ಭಾನುವಾರಗಳೆಲ್ಲ ಹೀಗೆಯೇ ಕಳೆದಿದ್ದವು. ಟೇಪು, ತೂಗುಗುಂಡು, ಬುತ್ತಿ ಕಟ್ಟಿಕೊಂಡು ಹಳೆಯ ಗುಡಿಗಳನ್ನು ಅಳೆದು ನಕ್ಷೆ ಬರೆಯುತ್ತಿದ್ದರು, ಪತ್ರಿಕೆಗೆ ಲೇಖನ ಕಳಿಸುತ್ತಿದ್ದರು. "ಆ ಕಂಬಗಳಿಗೆ ಕೊಟ್ಟ ಭಾನುವಾರದಲ್ಲಿ ಒಂದನ್ನ ಈ ಮನೆಗೆ ಕೊಟ್ಟಿದ್ರೆ ಅಡಿಗೆಮನೆ ಸೋರೋದಾದ್ರೂ ನಿಲ್ತಿತ್ತು" ಎಂದು ಹೆಂಡತಿ ಆದಿಲಕ್ಷ್ಮಮ್ಮ ಅನ್ನುತ್ತಿದ್ದರು. ಅನ್ನುತ್ತಲೇ ಬುತ್ತಿ ಕಟ್ಟುತ್ತಿದ್ದರು.

1936ರಲ್ಲಿ ಆವನಿಯ ಗುಡಿಯೊಂದರ ಬಗ್ಗೆ ಬರೆದಾಗ ಎರಡು ಕಂಬಗಳ ಅಳತೆ ಅದಲುಬದಲಾಯಿತು. ಮೈಸೂರಿನ ಪಂಡಿತರೊಬ್ಬರು ಪತ್ರಿಕೆಯಲ್ಲೇ ಅದನ್ನು ಎತ್ತಿ ಆಡಿದರು. ಊರಲ್ಲಿ ಯಾರಿಗೂ ಅದು ತಿಳಿಯಲಿಲ್ಲ. ಮುನಿರಾಮಪ್ಪನವರು ಮಾತ್ರ ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ. ಅಂದಿನಿಂದ ಅಳೆಯುವ ಮೊದಲು ಒಂದೊಂದು ಕಲ್ಲಿಗೂ ಸುಣ್ಣದಲ್ಲಿ ನಂಬರು ಹಾಕುವುದು, ಸಂಜೆ ಹೊರಡುವಾಗ ಕೊಡದಲ್ಲಿ ನೀರು ತಂದು ಎಲ್ಲವನ್ನೂ ತೊಳೆಯುವುದು ಅವರ ಪದ್ಧತಿಯಾಯಿತು.

1939ರಿಂದ ವರ್ಷಕ್ಕೆರಡು ಸಲ ರೇಡಿಯೋದಲ್ಲಿ ಮಾತಾಡಲು ಕರೆ ಬರುತ್ತಿತ್ತು. ಕೋಲಾರಕ್ಕೆ ಬಸ್ಸು, ಅಲ್ಲಿಂದ ರೈಲು ಹಿಡಿದು ಮೈಸೂರಿಗೆ ಹೋಗಿ ಹದಿನೈದು ನಿಮಿಷ ಓದಿ ಬರುತ್ತಿದ್ದರು. ಆ ರೇಡಿಯೋ ಸ್ಟೇಷನ್ ಮುಳಬಾಗಿಲಿಗೆ ಸಿಗುತ್ತಿರಲಿಲ್ಲ. ಆದಿಲಕ್ಷ್ಮಮ್ಮ ಗಂಡನ ಮಾತನ್ನು ಒಮ್ಮೆಯೂ ರೇಡಿಯೋದಲ್ಲಿ ಕೇಳಿರಲಿಲ್ಲ.

ಈ ಸಲದ ಮಾತು ಕೊಂಡಗುಂಟೆಯದು, ಮೇ ಒಂಬತ್ತಕ್ಕೆ ನಿಗದಿಯಾಗಿತ್ತು. ಅದೇ ತಿಂಗಳ ಕೊನೆಗೆ ಹಳೆಯ ಕಟ್ಟಡಗಳ ಅಧಿಕಾರಿಯೊಬ್ಬರು ನೋಡಲು ಬರುವವರಿದ್ದರು. ಅವರು ಒಪ್ಪಿದರೆ ಮಂಟಪಕ್ಕೆ ಬೇಲಿ, ಕಾವಲುಗಾರ, ಸರ್ಕಾರದ ಬೋರ್ಡು ಎಲ್ಲ ಬರುತ್ತಿದ್ದವು. ಅಷ್ಟರೊಳಗೆ ನಕ್ಷೆ ಮುಗಿಯಬೇಕಿತ್ತು.

ಆ ಭಾನುವಾರ ಎಪ್ಪತ್ತೆರಡು ಕಲ್ಲುಗಳಿಗೆ ನಂಬರಾಯಿತು. ಅರ್ಧದಷ್ಟರ ಅಳತೆ ಉಳಿಯಿತು. ಮುಂದಿನ ವಾರ ಮತ್ತೆ ಬರೆಯುವ ಶ್ರಮವೇಕೆ ಎಂದು, ಆರು ವರ್ಷಗಳಲ್ಲಿ ಮೊದಲ ಬಾರಿಗೆ, ತೊಳೆಯದೆ ಬಂದರು. ಸೋಮವಾರ ಹೆಡ್‌ಮಾಸ್ಟರು ಕೈಗೆ ಆರ್ಡರು ಕೊಟ್ಟರು. ಕೋಲಾರದಲ್ಲಿ ಪರೀಕ್ಷೆಯ ಕೆಲಸ, ಮೂರು ವಾರ.

ಕೊಂಡಗುಂಟೆ ಕೆರೆಯ ತೂಬು ಆಗ ರಿಪೇರಿಯಲ್ಲಿತ್ತು. ಕಲ್ಲು ಕ್ವಾರಿಯಿಂದ ಬರುತ್ತಿತ್ತು. ಓವರ್‌ಸಿಯರು ಅಳೆದು ಪಾಸು ಮಾಡಿದ ಕಲ್ಲಿನ ಮೇಲೆ ಸುಣ್ಣದಲ್ಲಿ ನಂಬರು ಬೀಳುತ್ತಿತ್ತು. ನಂಬರಿದ್ದರೆ ಗಾಡಿಗೆ, ಇಲ್ಲದಿದ್ದರೆ ಮುಟ್ಟುವ ಹಾಗಿಲ್ಲ. ಆ ಸೀಮೆಯ ಗಾಡಿಯವರಿಗೆಲ್ಲ ಗೊತ್ತಿದ್ದ ಕಾನೂನು ಅದೊಂದೇ.

ಏಪ್ರಿಲ್ ಎರಡನೆಯ ವಾರ ಮುನಿರಾಮಪ್ಪನವರು ಏರಿ ಹತ್ತಿ ನೋಡಿದಾಗ ಹೊಲದಲ್ಲಿ ಹದಿನಾರು ಗುಂಡಿಗಳಿದ್ದವು. ಅವರು ಸೈಕಲ್ಲನ್ನು ಮಲಗಿಸಿ, ಒಂದೊಂದು ಗುಂಡಿಯ ಬಳಿಯೂ ನಿಂತು ಎಣಿಸಿದರು. ಆಮೇಲೆ ತೂಬಿನ ಹತ್ತಿರ ಹೋದರು. ಗಾರೆ ಆಗಲೇ ಒಣಗಿತ್ತು. ಉಳಿ ಹಾಕಿ ಚಪ್ಪಟೆ ಮಾಡಿದ ಕಂಬಗಳ ನಡುವೆ ಒಂದರ ಮೇಲೆ ಅವರದೇ ಕೈಬರಹದ 41 ಇತ್ತು.

ದೊಡ್ಡವೆಂಕಟಪ್ಪ ಎತ್ತುಗಳಿಗೆ ನೀರು ಕುಡಿಸುತ್ತಿದ್ದ.

"ಕ್ವಾರಿ ಕಲ್ಲು ಸಾಲಲಿಲ್ಲ ಸಾಮಿ. ಇಲ್ಲಿ ನಂಬರಾಗಿತ್ತು. ಪಾಸಾಗಿದೆ ಅಂದ್ಕಂಡು ಬಿಚ್ಚಿ ಎತ್ಕಂಬಂದ್ವಿ."

"ನಾನು ಬರೀತಿದ್ದಿದ್ದು ನೀನೇ ನೋಡಿದ್ಯಲ್ಲಪ್ಪ."

"ನೋಡ್ದೆ. ಸರ್ಕಾರಿ ಮೇಷ್ಟ್ರು ಬರೀತವ್ರೆ, ಸರ್ಕಾರದ ಕೆಲಸಾನೇ ಇರಬೇಕು ಅಂದ್ಕಂಡೆ. ಸುಮ್ನೆ ಯಾರಾದ್ರೂ ಕಲ್ಲಿಗೆ ನಂಬರ್ ಹಾಕ್ತಾರಾ ಸಾಮಿ?"



ಓವರ್‌ಸಿಯರು ಎರಡು ದಿನ ಬಿಟ್ಟು ಮನೆಗೇ ಬಂದು, ಬರೆದು ತಂದ ಕಾಗದವನ್ನು ಮುಂದಿಟ್ಟರು. ಮಂಟಪ ಬಹಳ ಹಿಂದೆಯೇ ಕುಸಿದು ಬಿದ್ದಿತ್ತು, ಕೆಲಸಕ್ಕೆ ಬಳಸಿದ್ದು ಬಿದ್ದ ಕಲ್ಲು ಎಂದು ಅದರಲ್ಲಿತ್ತು. ಮುನಿರಾಮಪ್ಪನವರ ಸಹಿಗೆ ಜಾಗ ಬಿಟ್ಟಿತ್ತು.

"ನೀವು ತಿಳಿದೋರು. ನಿಮ್ಮ ಸಹಿ ಇದ್ರೆ ಯಾರೂ ಕೇಳಲ್ಲ. ನಂಬರಿನ ವಿಷಯದಲ್ಲಿ ನಿಮ್ಮ ಹೆಸರೂ ಬರಲ್ಲ."

"ಹಾಕದಿದ್ರೆ?"

"ಗಾಡಿಯೋರು ಕದ್ದರು ಅಂತ ಬರೀಬೇಕಾಗುತ್ತೆ. ಗಾಡಿ, ಎತ್ತು ಜಪ್ತಿ ಆಗುತ್ತೆ. ಇನ್ನೇನ್ ಮಾಡ್ಲಿ ಮೇಷ್ಟ್ರೇ?"

ಓವರ್‌ಸಿಯರು ಹೋದ ಮೇಲೆ ಆದಿಲಕ್ಷ್ಮಮ್ಮ ಕಾಗದವನ್ನು ಎತ್ತಿ ಓದಿದರು.

"ಹಾಕಿಬಿಡಿ. ಹೋಗಿದ್ದು ಹೋಯ್ತು. ಆ ಬಡವನ ಎತ್ತು ಉಳೀಲಿ."

"ನಿಂತಿದ್ದನ್ನ ಬಿದ್ದಿತ್ತು ಅಂತ ಬರೀಲಾ?"

"ಯಾರು ನೋಡಕ್ಕೆ ಹೋಗ್ತಾರೆ?"

"ಇನ್ನು ನೋಡಕ್ಕೇನೂ ಇಲ್ಲ ಕಣೇ. ಬರೆದಿದ್ದನ್ನೇ ನಂಬಬೇಕು."

ಕಾಗದ ಮೂರು ವಾರ ಗೋಡೆಯ ಗೂಡಿನಲ್ಲಿತ್ತು. ಅದಕ್ಕೆ ಸಹಿ ಬೀಳಲಿಲ್ಲ.

ಮೇ ಒಂಬತ್ತರಂದು ಮುನಿರಾಮಪ್ಪನವರು ಮೈಸೂರಿನಲ್ಲಿ ಮೈಕಿನ ಮುಂದೆ ಕುಳಿತರು. ಯುದ್ಧದ ಕಾಲ, ಮೊದಲೇ ಕಳಿಸಿ ಒಪ್ಪಿಗೆ ಪಡೆದ ಬರಹದಲ್ಲಿ ಒಂದು ಮಾತನ್ನೂ ಬದಲಿಸುವಂತಿರಲಿಲ್ಲ. ಹದಿಮೂರು ನಿಮಿಷ ಅವರು ಅದನ್ನೇ ಓದಿದರು. ಕಂಬಗಳನ್ನು ಒಂದೊಂದಾಗಿ ವರ್ಣಿಸಿದರು, ಎಂಟು ಮೂಲೆಯದು, ಗಂಟೆಯ ಆಕಾರದ್ದು, ಬುಡದಲ್ಲಿ ಹಂಸದ ಸಾಲು ಇದ್ದದ್ದು. ಕೊನೆಯ ಹಾಳೆಯನ್ನು ಮಗುಚಿಟ್ಟು, ಅದೇ ದನಿಯಲ್ಲಿ ಮುಂದುವರಿಸಿದರು.

"ಈ ಮಂಟಪ ಮಾರ್ಚ್ ತಿಂಗಳವರೆಗೆ ಗಟ್ಟಿಯಾಗಿ ನಿಂತಿತ್ತು. ಈಗ ಇಲ್ಲ. ಅಳತೆಗೆಂದು ನಾನು ಬರೆದ ನಂಬರುಗಳನ್ನು ನಾನು ತೊಳೆಯಲಿಲ್ಲ. ಕೆರೆ ಕೆಲಸದ ಗಾಡಿಯವರು ಅವನ್ನು ಪಾಸಾದ ಕಲ್ಲೆಂದು ತಿಳಿದು ಸಾಗಿಸಿದರು. ತಪ್ಪು ಅವರದಲ್ಲ, ನಂಬರು ನನ್ನದು."

ಗಾಜಿನಾಚೆ ಒಬ್ಬರು ಎದ್ದು ನಿಂತರು.  ಆಮೇಲೆ ನಾಗಸ್ವರದ ರೆಕಾರ್ಡು ಹಾಕಿದರು.

ಅದೇ ಮಾತುಗಳನ್ನು ಕಾಗದದಲ್ಲಿ ಬರೆದು, ಅರ್ಧ ಮುಗಿದ ನಕ್ಷೆಯ ಜೊತೆ ಹಳೆಯ ಕಟ್ಟಡಗಳ ಅಧಿಕಾರಿಗೆ ಅಂಚೆಯಲ್ಲಿ ಕಳಿಸಿ ಅವರು ಊರಿಗೆ ಹೊರಟರು. ಅಧಿಕಾರಿ ಕೊಂಡಗುಂಟೆಗೆ ಬರಲಿಲ್ಲ. ದೊಡ್ಡವೆಂಕಟಪ್ಪನ ಮೇಲೆ ಕೇಸಾಗಲಿಲ್ಲ. ರೇಡಿಯೋದಿಂದ ಮತ್ತೆ ಕರೆ ಬರಲಿಲ್ಲ. ಜೂನ್ ಒಂದರಂದು ಮುನಿರಾಮಪ್ಪನವರಿಗೆ ಗೌನಿಪಲ್ಲಿಯ ಪ್ರೈಮರಿ ಶಾಲೆಗೆ ವರ್ಗವಾಯಿತು. ಅಲ್ಲಿ ಡ್ರಾಯಿಂಗ್ ಇರಲಿಲ್ಲ. ಅವರಿಗೆ ಎರಡನೆಯ ಕ್ಲಾಸು ಕೊಟ್ಟರು.