ತಿರುಗಿ ಹೇಳಿದ ಮೇಲೆ ಚಹಾ

ಗುಳಿಗೆಯ ಬೆಳ್ಳಿಹಾಳೆ ಪಟ್ಟಿಯನ್ನು ಗುರುನಾಥ ಕಾಕಾ ಬೆನ್ನ ಕಡೆಯಿಂದಲೇ ಓದುತ್ತಿದ್ದರು. ಮುಂದಿನ ದಪ್ಪಕ್ಷರ ಅವರ ಲೆಕ್ಕಕ್ಕೇ ಇಲ್ಲ. “ಅದು ಕಂಪನಿಯವರು ಇಟ್ಟ ಹೆಸರು. ಒಳಗ ಯಾರದಾರ ನೋಡು,” ಎಂದು ಭೂತಗನ್ನಡಿ ಹಿಡಿದು ಸಣ್ಣಕ್ಷರಕ್ಕೆ ಇಳಿಯುತ್ತಿದ್ದರು.

ಧಾರವಾಡದವರು. ಪುಣೆಯ ಆಸ್ಪತ್ರೆಯೊಂದರಲ್ಲಿ ಪ್ಯಾಥಾಲಜಿಸ್ಟ್ ಆಗಿದ್ದು ನಿವೃತ್ತರಾಗಿ, ಅಲ್ಲಿಯ ಕೋಥರೂಡ್ ಬಡಾವಣೆಯಲ್ಲಿ ನಮ್ಮ ಕೆಳಗಿನ ಮನೆಯಲ್ಲಿ ಒಬ್ಬರೇ ಇದ್ದರು. ರೋಗಿಯ ಮೈಯಿಂದ ತೆಗೆದ ತುಣುಕನ್ನು ಗಾಜಿನ ಮೇಲಿಟ್ಟು, ಸೂಕ್ಷ್ಮದರ್ಶಕದಲ್ಲಿ ನೋಡಿ, ಇಂಥ ರೋಗವೆಂದು ಬರೆಯುವುದು ಅವರ ಕೆಲಸವಾಗಿತ್ತು. ಬರೆದದ್ದನ್ನು ರೋಗಿಗೆ ಹೇಳುವವರು ಬೇರೆ. ರೋಗಿಯ ಮುಖವನ್ನು ಅವರು ನೋಡಿದ್ದೇ ಕಡಿಮೆ.

ತೊಂಬತ್ತರ ದಶಕದ ಕೊನೆಯ ಆ ವರ್ಷಗಳಲ್ಲಿ ಸಂಜೆಯಾದರೆ ಅವರ ಬಾಗಿಲು ತೆರೆದಿರುತ್ತಿತ್ತು. ಮರಾಠಿ ಡಾಕ್ಟರು ಕೊಟ್ಟ ಚೀಟಿ ಹಿಡಿದು ಕನ್ನಡದವರು ಬರುತ್ತಿದ್ದರು. ಔಷಧಿ ಬರೆದುಕೊಡುತ್ತಿರಲಿಲ್ಲ, ಅರ್ಥ ಮಾತ್ರ ಹೇಳುತ್ತಿದ್ದರು. ಕೇಳಿದವರು ಅದನ್ನು ತಮ್ಮ ಮಾತಿನಲ್ಲಿ ತಿರುಗಿ ಹೇಳಬೇಕು. ಕೊನೆಗೆ ಒಂದು ಪ್ರಶ್ನೆ: “ಮನ್ಯಾಗ ಯಾರದಾರ?” ಇನ್ನೊಬ್ಬರಿಗೂ ಗೊತ್ತಿರಲಿ ಎಂದು. ಅದಾದ ಮೇಲೆಯೇ ಚಹಾ.

ಯಾದಗಿರಿ ಕಡೆಯಿಂದ ಕಟ್ಟಡ ಕೆಲಸಕ್ಕೆ ಬಂದ ಮಲ್ಲಮ್ಮ ಒಮ್ಮೆ ಸಿಕ್ಕಿಬಿದ್ದಳು.

“ಈ ಗುಳಿಗಿ ಯಾಕವ್ವಾ?”

“ಬಿಪಿಗ್ರಿ. ನಾರ್ಮಲ್ ಅದ ಅಂದ್ರು, ಬಿಟ್ಟುಬಿಟ್ಟೀನಿ.”

“ಬಿಪಿ ಅಂದ್ರ?”

“ಡಾಕ್ಟರಿಗೆ ಗೊತ್ರಿ.”

“ಗುಳಿಗಿ ನುಂಗಾಕಿ ನೀನೋ, ಡಾಕ್ಟರೋ?”

ಅರ್ಧ ತಾಸಿನ ಪಾಠದ ನಂತರ ಮಲ್ಲಮ್ಮ ತಿರುಗಿ ಹೇಳಿದಳು: “ನಳದಾಗ ನೀರು ಜೋರ್ ನೂಕಿದ್ರ ಪೈಪ್ ಒಡೀತದ್ರಿ. ನೆತ್ತರಾನೂ ಹಂಗ. ಗುಳಿಗಿ ಜೋರ್ ತಗ್ಗಸ್ತದ. ತಗ್ಗೇದಂತ ಬಿಟ್ರ ಮತ್ತ ಏರ್ತದ.”

“ಮನ್ಯಾಗ ಯಾರದಾರ?”

“ಗಂಡ ಅದಾನ್ರಿ. ಇದ್ದೂ ಇಲ್ಲದಂಗ.”

“ಇದ್ದಾನಲ್ಲ, ಸಾಕು. ಅವಗೂ ಹೇಳು,” ಎಂದು ಕಾಕಾ ಚಹಾಕ್ಕಿಡಲು ಎದ್ದರು.

ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ಕಪ್ ಗೆಲ್ಲುತ್ತಿದ್ದ ನನಗೆ ಇದೆಲ್ಲ ಒಪ್ಪಿಗೆಯಾಗುತ್ತಿರಲಿಲ್ಲ. “ಗೊತ್ತಾದ್ರ ಹೆದರಿಕಿ ಹೆಚ್ಚಾಗತದ್ರಿ ಕಾಕಾ. ಕಡಿಮಿ ಆಗತದ ಅನ್ನೂದಕ್ಕ ಪುರಾವೆ ಏನದ?”

“ಏನೂ ಇಲ್ಲ. ಹೆದರಿಕಿ ಕಡಿಮಿ ಆಗೂದಿಲ್ಲ. ಒಬ್ಬರ ಕೂತು ಹೆದರೂದು ತಪ್ಪತದ.”

“ಇದು ಉತ್ತರ ಅಲ್ಲರೀ, ಬರೇ ಮಾತು.”

“ಹೌದು. ಪಾಯಿಂಟ್ ನಿಂದು, ವಕೀಲ್ರ. ಬಿಸ್ಕಿಟ್ ತಗೋ.”

ಹಾಗೆ ಬಿಟ್ಟುಕೊಡುವವರ ಎದುರು ಗೆದ್ದು ಏನು ಪ್ರಯೋಜನ? ಮುಂದೊಮ್ಮೆ ಜ್ವರಕ್ಕೊಂದು, ತಲೆನೋವಿಗೊಂದು ಎಂದು ನಾನು ಎರಡು ಬಗೆಯ ಗುಳಿಗೆ ನುಂಗುತ್ತಿದ್ದಾಗ ಅವರು ಎರಡೂ ಪಟ್ಟಿಗಳ ಬೆನ್ನು ತಿರುಗಿಸಿ ತೋರಿಸಿದರು. ಎರಡರಲ್ಲೂ ಪ್ಯಾರಸಿಟಮಾಲ್. “ವೇಷ ಬ್ಯಾರೆ, ಆಸಾಮಿ ಒಬ್ಬನ. ನಿನ್ನ ಲಿವರ್ ಎಷ್ಟಂತ ತಡಕೋಬೇಕು?” ಅವತ್ತು ನಾನೂ ತಿರುಗಿ ಹೇಳಿಯೇ ಚಹಾ ಕುಡಿದೆ.

ಕೊನೆಯ ಸಲ ಹೋದಾಗ ಕಾಕಾ ಬಂದವರು ಕೂರುವ ಕುರ್ಚಿಯಲ್ಲಿ ಕೂತಿದ್ದರು. ಅಂಗಿಯ ಕೊರಳಪಟ್ಟಿ ಸಡಿಲಾಗಿತ್ತು. ತಮ್ಮ ಕುರ್ಚಿ ತೋರಿಸಿ, “ಇವತ್ತ ಅಲ್ಲಿ ನೀ ಕೂಡು,” ಎಂದರು.

ಕೆಲವು ವಾರಗಳಿಂದ ಹೊಟ್ಟೆನೋವಿತ್ತಂತೆ. ಹಳೆಯ ಆಸ್ಪತ್ರೆಯಲ್ಲಿ ಅವರೇ ಕಲಿಸಿದ ಹುಡುಗ ಅವರದೇ ತುಣುಕಿನ ಸ್ಲೈಡು ಮುಂದಿಟ್ಟು, “ಸರ್, ತುಮ್ಹಾಲಾ ಕಾಯ್ ಸಾಂಗೂ?” ಎಂದನಂತೆ. ನಿಮಗೇನು ಹೇಳಲಿ ಎಂದು. ಅಷ್ಟೇ ಹೇಳಿ ಹೊರಗೆ ಹೋದನಂತೆ.

“ಪ್ಯಾಂಕ್ರಿಯಾಸಿನ ಅಡಿನೊಕಾರ್ಸಿನೋಮಾ. ಲಿವರಿಗೆ ಮೆಟಾಸ್ಟಾಸಿಸ್,” ಎಂದರು ಕಾಕಾ. “ನಾ ಬರದದ್ದನ್ನ ಎಲ್ಲಾರಿಗೂ ಯಾರರೆ ಹೇಳ್ತಿದ್ರು. ನನಗ ಯಾರೂ ಹೇಳಲಿಲ್ಲ ನೋಡು. ನೀ ಹೇಳು.”

“ಇನ್ನೊಬ್ಬರಿಗೆ ತೋರಸೋಣ್ರಿ. ತಪ್ಪಿರಬಹುದು.”

“ಸ್ಲೈಡ್ ನಾನ ನೋಡೇನಿ. ವಾದ ಬ್ಯಾಡ. ಅರ್ಥ ಹೇಳು.”

ಅವರ ಸಂಜೆಗಳಲ್ಲಿ ಕೇಳಿ ಕಲಿತದ್ದನ್ನೇ ಹೇಳಿದೆ. “ಕಾಕಾ, ನಿಮ್ಮ ಹೊಟ್ಯಾಗ ಕ್ಯಾನ್ಸರ್ ಅದ. ಲಿವರಿಗೂ ಹಬ್ಬೇದ. ವಾಸಿ ಆಗೂದಿಲ್ಲ.”

ಅವರು ಅದನ್ನು ಮೊದಲ ಸಲ ಕೇಳಿದವರ ಹಾಗೆ ಕೇಳಿದರು. ಅವರು ಕಾಯುತ್ತಿದ್ದರು. ಆಮೇಲೆ ನೆನಪಾಯಿತು.

“ಈಗ ತಿರುಗಿ ಹೇಳ್ರಿ.”

“ನನಗ ಕ್ಯಾನ್ಸರ್ ಅದ. ಹಬ್ಬೇದ. ವಾಸಿ ಆಗೂದಿಲ್ಲ.” ಅದರ ಬೆನ್ನಿಗೇ, “ಕೊನೀದು ಕೇಳಲಿಲ್ಲಲ್ಲ ನೀ?”

“ಉತ್ತರ ಗೊತ್ತದಲ್ರಿ.”

“ಗೊತ್ತಿದ್ರೂ ಕೇಳಬೇಕು.”

“ಮನ್ಯಾಗ ಯಾರದಾರ್ರಿ, ಕಾಕಾ?”

“ಯಾರೂ ಇಲ್ಲ,” ಎಂದರು.

ಎಲ್ಲ ಸರಿಯಾಗಿ ಹೇಳಿದ್ದರು. ನಾನು ಎದ್ದು ಅವರ ಅಡುಗೆಮನೆಗೆ ಹೋಗಿ ಚಹಾಕ್ಕೆ ನೀರಿಟ್ಟೆ.